ಅಪ್ಪ ಕೊಂಡ ಎರಡು ಕ್ಯಾಮೆರಾ, ಮಗಳು ಮಾಡಿದ ಸಿನಿಮಾ

1965. ಡಾಕ್ಟರ್ ಯಶ್ ಪಾಲ್ ಸೂರಿ ಭಾರತ ಬಿಟ್ಟು ಇಂಗ್ಲೆಂಡಿಗೆ ಹೋದರು. ಅಲ್ಲಿ ಅವರು ಕೊಂಡದ್ದೇನು ಗೊತ್ತಾ? ಸೂಪರ್ 8 ಎಂಬ ಎರಡು ಪುಟ್ಟ ಸಿನಿಮಾ ಕ್ಯಾಮೆರಾ, ಎರಡು ಪ್ರೊಜೆಕ್ಟರ್, ಎರಡು ಟೇಪ್ ರೆಕಾರ್ಡರ್. ಒಂದು ಸೆಟ್ ತಮಗೆ, ಇನ್ನೊಂದು ಊರಿನ ಮನೆಗೆ.

ಅಲ್ಲಿಂದ ಹಿಮ, ಸೂಪರ್‌ಮಾರ್ಕೆಟ್, ಮಿನಿಸ್ಕರ್ಟ್ ತೊಟ್ಟ ಹೆಂಗಸರು ರೀಲಿನಲ್ಲಿ ಬಂದರು. ಇಲ್ಲಿಂದ ಮದುವೆ, ಹಬ್ಬ, ಹಳ್ಳಿಯ ಸುದ್ದಿ ಹೋದವು. ಜೊತೆಗೆ ಟೇಪಿನಲ್ಲಿ ಮನೆಯವರ ದನಿ: ಯಾವಾಗ ವಾಪಸ್ ಬರ್ತೀಯಪ್ಪ? ಕಾಗದದಲ್ಲಾದರೆ ಅಳು ಮುಚ್ಚಿಡಬಹುದು, ದನಿಯಲ್ಲಿ ಆಗುವುದಿಲ್ಲ.

ಹೀಗೆ ಸುಮಾರು 40 ವರ್ಷ! ಆ ರೀಲುಗಳಿಂದ ಮಗಳು ಸಂಧ್ಯಾ ಸೂರಿ 2005ರಲ್ಲಿ ‘ಐ ಫಾರ್ ಇಂಡಿಯಾ’ ಎಂಬ ಸಾಕ್ಷ್ಯಚಿತ್ರ ಮಾಡಿದರು. ವಲಸೆ ಬಂದವರನ್ನು ಬ್ರಿಟನ್ ಹೇಗೆ ನೋಡುತ್ತಿತ್ತು ಎಂದು ತೋರಿಸುವ ಹಳೆಯ ಟಿವಿ ದೃಶ್ಯಗಳನ್ನೂ ನಡುನಡುವೆ ಸೇರಿಸಿದರು.

ಒಮ್ಮೆ ಯಶ್ ಪಾಲ್ ಸಂಸಾರ ಸಮೇತ ಭಾರತಕ್ಕೆ ಬಂದು ನೆಲೆಸಲು ನೋಡಿದರು, ಸಾಧ್ಯವಾಗಲಿಲ್ಲ. ಕೊನೆಗೆ ಇನ್ನೊಬ್ಬ ಮಗಳು ಆಸ್ಟ್ರೇಲಿಯಾಕ್ಕೆ ಹೊರಟಾಗ, ಕಾಯುವ ಸರದಿ ಅಪ್ಪನದೇ.

ಈ ಸಿನಿಮಾ ಇಷ್ಟು ನಾಟುವುದೇಕೆ? ನನಗನಿಸುವುದು ಇಷ್ಟೇ: ಆ ರೀಲುಗಳಲ್ಲಿರುವ ಯಾರೂ ಪ್ರೇಕ್ಷಕರಿಗಾಗಿ ಮಾತಾಡಿಲ್ಲ. ಅಮ್ಮನಿಗೆ, ಅಣ್ಣನಿಗೆ, ಮಗನಿಗೆ ಮಾತಾಡಿದ್ದಾರೆ. ಎಷ್ಟೇ ದುಡ್ಡು ಸುರಿದರೂ ಆ ಸಲುಗೆಯನ್ನು ಸೆಟ್ ಹಾಕಿ ತೆಗೆಯಲಾಗದು.

ನಿಮ್ಮ ಮನೆಯ ಅಟ್ಟದ ಮೇಲೂ ಅಜ್ಜಿಯ ದನಿಯಿರುವ ಕ್ಯಾಸೆಟ್, ಮದುವೆಯ ವಿಡಿಯೊ ಇರಬಹುದು. ತೇವಕ್ಕೆ ಟೇಪು ಬೂಷ್ಟು ಹಿಡಿಯುತ್ತದೆ. ದಯವಿಟ್ಟು ಈ ತಿಂಗಳೇ ಇಳಿಸಿ, ಡಿಜಿಟಲ್ ಮಾಡಿಸಿ.