‘ನಾನು’ ಕರಗುವ ದಾರಿ: ಸೂಫಿ ಪ್ರೇಮ ಮತ್ತು ಶಿಶುನಾಳದ ಶರೀಫರು

ಶಾಲೆಯ ವಾರ್ಷಿಕೋತ್ಸವವಿರಲಿ, ಗಣೇಶ ಚವತಿಯ ಪೆಂಡಾಲಿರಲಿ, ಕೋಳಿಯೊಂದು ಕೋಡಗವನ್ನು ನುಂಗಿದ ಹಾಡು ಬಂತೆಂದರೆ ಮಕ್ಕಳು ಖುಷಿಪಡುತ್ತಾರೆ. ಆಡು ಆನೆಯನ್ನು ನುಂಗುತ್ತದೆ, ಗೋಡೆ ಸುಣ್ಣವನ್ನು ನುಂಗುತ್ತದೆ. ಆದರೆ ಹಾಡಿನ ಕೊನೆಯಲ್ಲಿ ಗುರುವಿನ ಪಾದ ಹಾಡುವವನನ್ನೇ ನುಂಗಿಬಿಡುತ್ತದೆ. ನಗುವಿನ ಗದ್ದಲದಲ್ಲಿ ಇದು ನಮ್ಮ ಗಮನಕ್ಕೆ ಬರುವುದು ಕಡಿಮೆ. ಸೂಫಿಗಳು ಶತಮಾನಗಳಿಂದ ಹೇಳುತ್ತ ಬಂದ ಮಾತಿನ ತಿರುಳು ಮಾತ್ರ ಆ ಕೊನೆಯ ತುತ್ತಿನಲ್ಲಿಯೇ ಇದೆ.

ಹಾಡನ್ನು ಕಟ್ಟಿದವರು ಶಿಗ್ಗಾಂವಿ ತಾಲ್ಲೂಕಿನ ಶಿಶುನಾಳದ ಶರೀಫ ಸಾಹೇಬರು (1819–1889). ಶಿಗ್ಗಾಂವಿ, ಹಾನಗಲ್ಲ, ಸವಣೂರು, ಹಿರೇಕೆರೂರು ತಾಲ್ಲೂಕುಗಳು 1997ರವರೆಗೆ ಧಾರವಾಡ ಜಿಲ್ಲೆಯಲ್ಲಿದ್ದು, ಆಮೇಲೆ ಹಾವೇರಿ ಜಿಲ್ಲೆಗೆ ಸೇರಿದವು. ಹಲವು ಮತಗಳು ಕೂಡಿ ಬಾಳಿದ, ಕೆಲವೊಮ್ಮೆ ಕಾದಾಡಿದ ನೆಲವಿದು. ಹಾನಗಲ್ಲಿನಲ್ಲಿ ತಾರಕೇಶ್ವರನ ಗುಡಿ, ಸವಣೂರಿನಲ್ಲಿ ನವಾಬರ ಆಳ್ವಿಕೆ, ಶಿಗ್ಗಾಂವಿ ಬಳಿಯ ಬಾಡದಲ್ಲಿ ಕನಕದಾಸರು. ಹಿರೇಕೆರೂರು ತಾಲ್ಲೂಕಿನ ಅಬಲೂರು ಏಕಾಂತದ ರಾಮಯ್ಯನಿಗೂ ಜೈನರಿಗೂ ನಡೆದ ಉಗ್ರ ವಿವಾದದ ಕಥೆಗೆ ಹೆಸರಾದ ಊರು. ಶಿಶುನಾಳಕ್ಕೆ ಸಮೀಪದ ಹುಲಗೂರಿನಲ್ಲಿ ಖಾದರ ಶಾ ವಲಿಗಳ ದರ್ಗಾ ಇದೆ. ಆ ವಲಿಗಳ ಕೃಪೆಯಿಂದಲೇ ಇಮಾಮ ಸಾಹೇಬ ಮತ್ತು ಹಜ್ಜೂಮಾ ದಂಪತಿಗೆ ಶರೀಫರು ಹುಟ್ಟಿದರೆಂದು ಜನ ನಂಬುತ್ತಾರೆ.

ಸೂಫಿ ಎಂದರೇನು? ಎಂಟನೆಯ ಶತಮಾನದಲ್ಲಿ ಬಸ್ರಾ ನಗರದ ರಾಬಿಯಾ ಎಂಬ ಸಾಧ್ವಿ ಒಂದು ಕೈಯಲ್ಲಿ ಬೆಂಕಿ, ಇನ್ನೊಂದರಲ್ಲಿ ನೀರು ಹಿಡಿದು ಓಡಿದಳೆಂಬ ಕಥೆಯಿದೆ. ಸ್ವರ್ಗಕ್ಕೆ ಬೆಂಕಿಯಿಟ್ಟು ನರಕದ ಉರಿಯನ್ನು ಆರಿಸಿಬಿಟ್ಟರೆ ಆಸೆಗಾಗಿ, ಅಂಜಿಕೆಗಾಗಿ ದೇವರನ್ನು ಪೂಜಿಸುವವರು ಉಳಿಯುವುದಿಲ್ಲ ಎಂಬುದು ಅವಳ ತರ್ಕ. ಲಾಭನಷ್ಟದ ಎಣಿಕೆಯಿಲ್ಲದ ಈ ಒಲವನ್ನು ಸೂಫಿಗಳು ‘ಇಶ್ಕ್’ ಎಂದರು. ಅದರಲ್ಲಿ ‘ನಾನು’ ಎಂಬುದು ಕರಗಿಹೋಗುವ ಸ್ಥಿತಿಗೆ ‘ಫನಾ’ ಎಂದು ಹೆಸರು. ಈ ದಾರಿಯಲ್ಲಿ ಒಬ್ಬಂಟಿಯಾಗಿ ನಡೆಯುವುದು ಕಷ್ಟ, ಮುರ್ಶಿದ್ ಅಂದರೆ ಗುರು ಬೇಕು. ಶಿಷ್ಯ ಮೊದಲು ಗುರುವಿನಲ್ಲಿ ಕರಗಬೇಕು, ಆಮೇಲೆ ದೇವರಲ್ಲಿ.

ಈ ವಿಚಾರ ಕನ್ನಡ ನಾಡಿಗೆ ಬರಿಯ ಗ್ರಂಥಗಳ ಮೂಲಕ ಬಂದದ್ದಲ್ಲ. ಕಲಬುರ್ಗಿಯಲ್ಲಿ ನೆಲೆಸಿ 1422ರಲ್ಲಿ ತೀರಿಕೊಂಡ ಖ್ವಾಜಾ ಬಂದೇನವಾಜರ ದರ್ಗಾಕ್ಕೆ ಇಂದಿಗೂ ಎಲ್ಲ ಮತದವರೂ ನಡೆದುಕೊಳ್ಳುತ್ತಾರೆ. ಬಿಜಾಪುರದ ಸೂಫಿಗಳ ಪರಂಪರೆಯಲ್ಲಿ ಹೆಂಗಸರು ಬೀಸುವಾಗ, ನೂಲುವಾಗ ಹಾಡಿಕೊಳ್ಳಲು ದಖ್ಖನಿ ಭಾಷೆಯ ಹಾಡುಗಳು ಹುಟ್ಟಿದವು. ಬೀಸುಕಲ್ಲಿನ ನೆಟ್ಟಗಿನ ಗೂಟವೇ ಅಲ್ಲಾಹನ ಹೆಸರಿನ ಮೊದಲ ಅಕ್ಷರ ‘ಅಲಿಫ್’ ಆಯಿತು. ಜೋಳ ಬೀಸುತ್ತಲೇ ತತ್ತ್ವ ಮನೆ ಹೊಕ್ಕಿತು.

ಶರೀಫರ ಹಾಡುಗಳಲ್ಲೂ ಸೋರುವ ಮಾಳಿಗೆ, ನೀರಿನ ಬಿಂದಿಗೆ ಮೊದಲಾದ ಮನೆವಾರ್ತೆಯ ವಸ್ತುಗಳೇ ತುಂಬಿವೆ. ಅವರಿಗೆ ಗುರುವಾಗಿ ದೊರೆತವರು ಕಳಸದ ಗೋವಿಂದ ಭಟ್ಟರು. ಭಟ್ಟರು ಈ ಮುಸಲ್ಮಾನ ಶಿಷ್ಯನಿಗೆ ತಮ್ಮ ಜನಿವಾರವನ್ನೇ ಹಾಕಿದರೆಂದು ಪ್ರತೀತಿ. ಎರಡೂ ಕಡೆಯವರು ಮುನಿದರೆಂದೂ ಹೇಳುತ್ತಾರೆ. ಶರೀಫರನ್ನು ಬರಿಯ ಸೂಫಿ ಎಂದು ಕರೆದರೆ ಅರ್ಧ ಮಾತಾಯಿತು. ಅವರ ಒಗಟಿನಂಥ ಪದಗಳ ಹಿಂದೆ ಅಲ್ಲಮನ ಬೆಡಗಿನ ವಚನಗಳಿವೆ, ಗುರುವಿನ ಅದ್ವೈತವಿದೆ. ಮೊಹರಮ್ಮಿನ ರಿವಾಯತ ಪದಗಳನ್ನೂ ಅವರು ಕಟ್ಟಿದರು. ಅವರ ಅಂಕಿತ ಶಿಶುನಾಳಧೀಶ. ಕೋಡಗವೆಂದರೆ ಚಂಚಲ ಮನಸ್ಸು ಎಂದು ಬಲ್ಲವರು ಅರ್ಥ ಹೇಳುತ್ತಾರೆ. ಅದನ್ನು ನುಂಗಿಸಿ, ಕೊನೆಗೆ ಹಾಡುವವನನ್ನೂ ಗುರುಪಾದಕ್ಕೆ ಒಪ್ಪಿಸಿದ್ದು ಸೂಫಿಗಳ ಫನಾದ ಕನ್ನಡ ರೂಪವೇ ಸರಿ.

ಸಿ. ಅಶ್ವತ್ಥರ ರಾಗಸಂಯೋಜನೆಯಿಂದ ಈ ಪದಗಳು ಮನೆಮಾತಾದವು. ಟಿ. ಎಸ್. ನಾಗಾಭರಣರ 1990ರ ‘ಸಂತ ಶಿಶುನಾಳ ಶರೀಫ’ ಚಿತ್ರಕ್ಕೆ ರಾಷ್ಟ್ರೀಯ ಭಾವೈಕ್ಯಕ್ಕಾಗಿ ಕೊಡುವ ನರ್ಗಿಸ್ ದತ್ ಪ್ರಶಸ್ತಿ ಬಂತು. ಅಂದಿನಿಂದ ಶರೀಫರೆಂದರೆ ಭಾವೈಕ್ಯದ ಭಾಷಣಕ್ಕೊಂದು ಸಿದ್ಧ ಉದಾಹರಣೆ. ಅದರಲ್ಲಿ ತಪ್ಪೇನೂ ಇಲ್ಲ. ಆದರೆ ಗೋವಿಂದ ಭಟ್ಟರೂ ಶರೀಫರೂ ಎರಡು ಮತಗಳನ್ನು ಕೂಡಿಸುವ ಕಾರ್ಯಕ್ರಮ ಹಾಕಿಕೊಂಡು ಹೊರಟವರಲ್ಲ. ಅವರು ಅಹಂಕಾರವನ್ನು ಬಿಡಹೊರಟರು. ಅದು ಬಿಟ್ಟುಹೋದಾಗ ನಡುವಿನ ಗೋಡೆಗೆ ನಿಲ್ಲಲು ಬುಡವಿಲ್ಲದಾಯಿತು. ನಾವು ‘ನನ್ನದು’ ಎಂಬುದನ್ನು ಭದ್ರವಾಗಿ ಹಿಡಿದುಕೊಂಡು ಸೌಹಾರ್ದವನ್ನು ಮಾತ್ರ ಬೇಡುತ್ತೇವೆ. ಬೇರಿಗೆ ನೀರೆರೆಯದೆ ಹಣ್ಣು ಕೇಳಿದಂತೆ.

ಶಿಶುನಾಳದ ಗದ್ದುಗೆಗೆ ಇಂದಿಗೂ ಹಿಂದೂಗಳೂ ಮುಸಲ್ಮಾನರೂ ಬರುತ್ತಾರೆ. ಮುಂದಿನ ಸಲ ಮಕ್ಕಳು ಆ ಕೋಳಿಯ ಹಾಡು ಹೇಳುವಾಗ ನಾವೂ ನಗೋಣ, ಕೊನೆಯ ನುಡಿಯವರೆಗೂ ಕೂತು ಕೇಳೋಣ.