ತಮಿಳಿನ ಅಗಂ ಸಂಪ್ರದಾಯವೂ ಚಲಚ್ಚಿತ್ರದ ಪ್ರಣಯವೂ

ಭದ್ರಾನದಿಯ ದಡದಲ್ಲಿರುವ ಭದ್ರಾವತಿಗೆ ಹಿಂದೆ ಬೆಂಕಿಪುರವೆಂಬ ಹೆಸರಿದ್ದಿತು. 1918ರಲ್ಲಿ ಮೈಸೂರು ಸಂಸ್ಥಾನವು ಅಲ್ಲಿ ಕಬ್ಬಿಣದ ಕಾರ್ಖಾನೆಯನ್ನು ಸ್ಥಾಪಿಸಿತು. 1923ರಲ್ಲಿ ಉತ್ಪಾದನೆಯು ಮೊದಲಾಯಿತು. ಕಾರ್ಖಾನೆಯ ದುಡಿಮೆಯನ್ನು ನಂಬಿ ಬಂದ ತಮಿಳು ಕುಟುಂಬಗಳು ಆ ಊರಿನಲ್ಲಿ ನೆಲೆನಿಂತುವು. ಶಿವಮೊಗ್ಗೆಗೆ ಸಮೀಪವಾದ ತುಂಗಾತೀರದ ಮತ್ತೂರು, ಹೊಸಹಳ್ಳಿಗಳಲ್ಲಿ ಸಂಕೇತಿಗಳ ಮನೆಮಾತಿಗೂ ತಮಿಳಿನ ನಂಟು ಉಂಟು. ಆದುದರಿಂದ ಈ ಪ್ರಾಂತದವರಿಗೆ ತಮಿಳು ಕೇಳದ ನುಡಿಯೇನೂ ಅಲ್ಲ. ಆದರೂ ತಮಿಳರ ಪ್ರಣಯಕಾವ್ಯವನ್ನು ಸಂಸ್ಕೃತದ ಶೃಂಗಾರರಸದ ಅಳತೆಗೋಲಿನಿಂದಲೇ ಅಳೆಯುವುದೂ, ತಮಿಳು ಚಲಚ್ಚಿತ್ರದ ಪ್ರಣಯವನ್ನು ಹೊರಗಿನಿಂದ ಬಂದ ವಿಲಾಸವೆಂದು ತಳ್ಳಿಬಿಡುವುದೂ ವಿದ್ವಾಂಸರಲ್ಲಿ ಅಪರೂಪವಲ್ಲ. ಈ ಎರಡು ಅಭಿಪ್ರಾಯಗಳೂ ಪರೀಕ್ಷಾರ್ಹವಾಗಿವೆ.

ತಮಿಳರ ಪ್ರಾಚೀನ ಲಕ್ಷಣಗ್ರಂಥವಾದ ತೊಲ್ಕಾಪ್ಪಿಯವು ಕಾವ್ಯವಸ್ತುವನ್ನು ಅಗಂ, ಪುರಂ ಎಂದು ಎರಡಾಗಿ ವಿಭಾಗಿಸುತ್ತದೆ. ಒಲವು ಅಗದ ವಿಷಯ. ಯುದ್ಧ, ದಾನ, ಕೀರ್ತಿಗಳು ಪುರದ ವಿಷಯ. ಅಗದಲ್ಲಿ ಐದು ತಿಣೆಗಳು ಪ್ರಧಾನವಾದುವು. ಬೆಟ್ಟದ ಕುರಿಂಜಿಗೆ ನಡುರಾತ್ರಿಯ ಸಮಾಗಮ. ಕಾಡಿನ ಮುಲ್ಲೈಗೆ, ಎಂದರೆ ನಮ್ಮ ಮೊಲ್ಲೆಗೆ, ಮಳೆಗಾಲದ ಸಂಜೆಯ ನಿರೀಕ್ಷೆ. ಗದ್ದೆಬಯಲಿನ ಮರುದಕ್ಕೆ ಮುಂಜಾವಿನ ಪ್ರಣಯಕೋಪ. ಕಡಲತೀರದ ನೆಯ್ದಲಿಗೆ ಹಗಲಿಳಿಯುವ ಹೊತ್ತಿನ ಕಳವಳ. ಬರಡುನೆಲದ ಪಾಲೈಗೆ ನಡುಹಗಲಿನ ಅಗಲಿಕೆ. ಸಂಸ್ಕೃತ ಲಾಕ್ಷಣಿಕರಿಗೆ ಗಿರಿ, ಚಂದ್ರೋದಯ, ಮಲಯಾನಿಲಗಳು ಉದ್ದೀಪನವಿಭಾವಗಳು, ಎಂದರೆ ರಸಕ್ಕೆ ಪೋಷಕಗಳು. ಅಗಂ ಕವಿಗಳಿಗಾದರೋ ನೆಲವು ಪೋಷಕಮಾತ್ರವಲ್ಲ, ಭಾವದ ಹೆಸರೇ ಅದು. ಕುರಿಂಜಿಯೆಂದೊಡನೆ ಬೆಟ್ಟವೂ ತಿಳಿಯುತ್ತದೆ, ಕೂಟವೂ ತಿಳಿಯುತ್ತದೆ.

ಎರಡನೆಯ ವಿಶೇಷವು ಇನ್ನೂ ಗಮನಾರ್ಹವಾದುದು. ಅಗದಲ್ಲಿ ಪ್ರಣಯಿಗಳ ಹೆಸರನ್ನು ಹೇಳಕೂಡದೆಂಬುದು ತೊಲ್ಕಾಪ್ಪಿಯದ ನಿಯಮ. ನಾಯಕ, ನಾಯಿಕೆ, ಗೆಳತಿ, ಸಾಕುತಾಯಿ, ದಾರಿಯಲ್ಲಿ ಕಂಡವರು, ಇವರೇ ಅಲ್ಲಿ ಮಾತನಾಡುವವರು. ಕನ್ನಡದಲ್ಲಿ ಹನ್ನೆರಡನೆಯ ಶತಮಾನದ ನೇಮಿಚಂದ್ರನ ಲೀಲಾವತಿಯಂತಹ ಪ್ರಣಯಪ್ರಬಂಧದಲ್ಲಿ ನಾಯಕನು ರಾಜಪುತ್ರನು, ಆತನಿಗೆ ಹೆಸರೂ ಕುಲವೂ ಉಂಟು. ಅಗದ ನಾಯಕನು ಯಾರಾದರೂ ಆಗಬಹುದು. ಗುಟ್ಟಾದ ಒಲವನ್ನು ಕಳವು ಎಂದೂ, ವಿವಾಹಾನಂತರದ ಜೀವನವನ್ನು ಕಱ್ಪು ಎಂದೂ ವಿಭಾಗಿಸಿ, ಕಳವನ್ನು ವೈದಿಕರ ಅಷ್ಟವಿವಾಹಗಳಲ್ಲಿ ಗಾಂಧರ್ವಕ್ಕೆ ತೊಲ್ಕಾಪ್ಪಿಯವು ಹೋಲಿಸಿದೆ. ಆದರೆ ಕಾಳಿದಾಸನ ಶಕುಂತಲೆಯ ಗಾಂಧರ್ವಕ್ಕೆ ರಾಜಮುದ್ರೆಯ ಉಂಗುರವು ಸಾಕ್ಷಿ. ಕುಱುಂದೊಗೈಯಲ್ಲಿ ಕಪಿಲರ ಒಂದು ಪದ್ಯದ ನಾಯಿಕೆಗೆ ನೀರಿನಲ್ಲಿ ಮೀನು ಕಾಯುವ ಕೊಕ್ಕರೆಯೊಂದೇ ಸಾಕ್ಷಿ. ಉಂಗುರವು ದೊರೆತೊಡನೆ ದುಷ್ಯಂತನಿಗೆ ನೆನಪು ಮರಳುತ್ತದೆ. ಕೊಕ್ಕರೆಯು ನುಡಿಯಲಾರದು.

ಅದೇ ಕುಱುಂದೊಗೈಯ ನಲವತ್ತನೆಯ ಪದ್ಯವು ತಮಿಳರಲ್ಲೆಲ್ಲ ಪ್ರಸಿದ್ಧವಾಗಿದೆ. ನಂಟಿಲ್ಲದ ಇಬ್ಬರ ಹೃದಯಗಳು ಬೆರೆತುದಕ್ಕೆ ಕವಿಯು ಕೆಮ್ಮಣ್ಣಿನ ಮೇಲೆ ಸುರಿದ ಮಳೆನೀರನ್ನು ಉಪಮಾನವಾಗಿ ತಂದನು. ಸ್ವನಾಮವು ಮರೆತುಹೋಗಿ ಆ ಉಪಮೆಯೇ ಆತನಿಗೆ ಚೆಂಬುಲಪ್ಪೆಯನೀರಾರ್ ಎಂಬ ಹೆಸರಾಯಿತು. ಕನ್ನಡದ ಕಕಾರವು ತಾಲವ್ಯಸ್ವರದ ಹಿಂದೆ ತಮಿಳಿನಲ್ಲಿ ಚಕಾರವಾಗುತ್ತದೆ: ಕಿವಿಗೆ ಚೆವಿ, ಕೆಯ್ಗೆ ಚೆಯ್, ಹಾಗೆಯೇ ನಮ್ಮ ಕೆಮ್ಮಣ್ಣು ಅವರ ಚೆಮ್ಮಣ್. ಭದ್ರಾವತಿಯ ಕಾರ್ಖಾನೆಗೆ ಅದಿರು ಬರುತ್ತಿದ್ದುದು ಬಾಬಾಬುಡನ್ ಗಿರಿಶ್ರೇಣಿಯ ಕೆಮ್ಮಣ್ಣುಗುಂಡಿಯಿಂದ. ಆ ಪದ್ಯವನ್ನು ಈ ಪ್ರಾಂತದ ವಿದ್ಯಾರ್ಥಿಗೆ ತಿಳಿಸಲು ಉಪಾಧ್ಯಾಯರು ದೂರದ ದೃಷ್ಟಾಂತವನ್ನು ಅರಸಬೇಕಾಗಿಲ್ಲ.

ಇನ್ನು ಚಲಚ್ಚಿತ್ರದ ವಿಚಾರ. ಮುಖವನ್ನೂ ಹೆಸರನ್ನೂ ತೋರಿಸದೆ ಚಲಚ್ಚಿತ್ರವು ಕಥೆ ಹೇಳಲಾರದು. ಆದರೆ ಹಾಡು ಬಂದೊಡನೆ ಕಥೆಯು ನಿಲ್ಲುತ್ತದೆ. ಪಾತ್ರಗಳ ಊರು, ವೃತ್ತಿಗಳು ಮರೆಯಾಗಿ ಬೆಟ್ಟ, ಮಳೆ, ಕಡಲು ಮುಂದೆ ಬರುತ್ತವೆ. ಕಂಠವು ಸಹ ನಟರದಲ್ಲ, ಹಿನ್ನೆಲೆಗಾಯಕರದು. ಹೆಸರಿಲ್ಲದ ಇಬ್ಬರು, ಒಂದು ನೆಲ, ಒಂದು ಹೊತ್ತು: ಇದು ಅಗದ ವಿಧಾನವೇ. 1997ರ ಇರುವರ್ ಚಿತ್ರದ ಹಾಡೊಂದರಲ್ಲಿ ಕವಿ ವೈರಮುತ್ತುವು ಆ ನಲವತ್ತನೆಯ ಪದ್ಯದ ನುಡಿಗಳನ್ನೇ ಬಳಸಿಕೊಂಡಿರುವುದು ಈ ಸಂಬಂಧವು ಕೇವಲ ಊಹೆಯಲ್ಲವೆಂಬುದಕ್ಕೆ ನಿದರ್ಶನ. ಅದರ ನಿರ್ದೇಶಕರಾದ ಮಣಿರತ್ನಂ ಅವರ ಮೊದಲ ಚಿತ್ರವು 1983ರ ಕನ್ನಡದ ಪಲ್ಲವಿ ಅನುಪಲ್ಲವಿ ಎಂಬುದನ್ನೂ ಇಲ್ಲಿ ನೆನೆಯಬಹುದು.

ಆದರೆ ಚಲಚ್ಚಿತ್ರದಲ್ಲಿ ದುರ್ಬಲವಾದ ಒಂದು ದನಿಯೂ ಉಂಟು. ತಂದೆತಾಯಿಗಳು ಒಪ್ಪದಿದ್ದಾಗ ನಾಯಿಕೆಯು ನಾಯಕನೊಡನೆ ಹೊರಟುಹೋಗುವುದನ್ನು ಉಡನ್‌ಪೋಕ್ಕು ಎನ್ನುತ್ತಾರೆ; ಇದು ಪಾಲೈಗೆ ಸೇರಿದುದು. ಮಗಳನ್ನರಸಿ ಬಿಸಿಲಿನಲ್ಲಿ ಅಲೆಯುವ ಸಾಕುತಾಯಿಗೆ ದಾರಿಯಲ್ಲಿ ಕಂಡವರು, ಅವಳು ಹಿಡಿದ ಹಾದಿಯು ಧರ್ಮದ್ದೇ ಎಂದು ಸಮಾಧಾನ ಹೇಳುವುದನ್ನು ಕಲಿತ್ತೊಗೈಯಲ್ಲಿ ಕಾಣಬಹುದು. ಲೋಕವು ಪ್ರಣಯಿಗಳ ಪಕ್ಷದಲ್ಲಿ ನಿಲ್ಲುತ್ತದೆ. ಬಾಲಾಜಿ ಶಕ್ತಿವೇಲ್ ಅವರ 2004ರ ಕಾದಲ್ ಚಿತ್ರದಲ್ಲಿಯೂ ಉಡನ್‌ಪೋಕ್ಕೇ ವಸ್ತು: ಮಧುರೆಯ ಹುಡುಗಿಯೊಬ್ಬಳು ವಾಹನ ರಿಪೇರಿ ಮಾಡುವ ಹುಡುಗನೊಡನೆ ಚೆನ್ನೈಗೆ ಹೋಗುತ್ತಾಳೆ. ಅಲ್ಲಿ ಗೆಳೆಯರು ನೆರವಾಗಿ ಮದುವೆಯೂ ನಡೆಯುತ್ತದೆ. ಆದರೆ ಜಾತಿಯ ಬಲವುಳ್ಳ ಬಂಧುಗಳು ಅವರನ್ನು ವಂಚಿಸಿ ಅಗಲಿಸುತ್ತಾರೆ, ಹುಡುಗನಿಗೆ ಬುದ್ಧಿಭ್ರಮಣೆಯಾಗುತ್ತದೆ. ಕಂಡವರ ದನಿಯು ಅಲ್ಲಿ ಇದೆ, ಅದರ ಅಧಿಕಾರವಿಲ್ಲ. ಪಾಲೈಯು ಈಗ ಬಿಸಿಲಿನ ನೆಲವಲ್ಲ, ಕುಲದ ಕೋಪ.

ಕನ್ನಡದಲ್ಲಿ ಇದಕ್ಕೆ ಸಾಟಿಯಾದುದು ಶಿವಮೊಗ್ಗೆಯ ಮಲೆನಾಡಿನಲ್ಲಿಯೇ ದೊರೆಯುತ್ತದೆ. 1967ರಲ್ಲಿ ಪ್ರಕಟವಾದ ಕುವೆಂಪು ಅವರ ಮಲೆಗಳಲ್ಲಿ ಮದುಮಗಳು ಕಾದಂಬರಿಯಲ್ಲಿ ತಿಮ್ಮಿಯನ್ನು ಕರೆದೊಯ್ಯುವ ಗುತ್ತಿಯೂ, ಒಲ್ಲದ ಮದುವೆಯಿಂದ ತಪ್ಪಿಸಿಕೊಂಡು ಕಾಡುಹೊಗುವ ಚಿನ್ನಮ್ಮನೂ ಉಡನ್‌ಪೋಕ್ಕಿನ ಪಾತ್ರಗಳೇ. ಆದರೆ ಇವರ ದಾರಿಯು ಬರಡುನೆಲದ್ದಲ್ಲ, ಮಲೆಯದು, ಇರುಳಿನದು. ಪಾಲೈಯ ಕಾರ್ಯವು ಕುರಿಂಜಿಯ ನೆಲದಲ್ಲಿ ನಡೆಯುತ್ತದೆ. ತಿಣೆಗಳ ಇಂತಹ ಬೆರಕೆಗೆ ತೊಲ್ಕಾಪ್ಪಿಯದಲ್ಲಿ ಅನುಮತಿಯುಂಟು. ಇದು ತಮಿಳಿನ ಅನುಕರಣವೆಂದು ಹೇಳಲು ಆಧಾರವಿಲ್ಲ. ಬದುಕು ಸದೃಶವಾಗಿದ್ದಲ್ಲಿ ಕಾವ್ಯವೂ ಸದೃಶವಾಗುವುದೆಂದು ಹೇಳಿದರೆ ಸಾಕು. ಮೈಸೂರಿನವರಾದ ಎ. ಕೆ. ರಾಮಾನುಜನ್ ಅವರು ಕುಱುಂದೊಗೈಯ ಪದ್ಯಗಳನ್ನು ಇಂಗ್ಲಿಷಿಗೆ ತಂದು ಪ್ರಕಟಿಸಿದುದೂ ಅದೇ 1967ರಲ್ಲಿ.

ಇದರಿಂದ ಸಿದ್ಧವಾಗುವುದಿಷ್ಟು. ಹುಡುಗ ಹುಡುಗಿಯರು ತಾವೇ ಒಲಿದು ಕೂಡುವುದು ಚಲಚ್ಚಿತ್ರವು ಕಲಿಸಿದ ಹೊಸ ದುರಭ್ಯಾಸವೆಂಬ ಮಾತಿಗೆ ಸಾಹಿತ್ಯದ ಸಮ್ಮತಿಯಿಲ್ಲ. ಒಲವು ಹಳೆಯದು, ಅದನ್ನು ಧರ್ಮವೆಂದು ಒಪ್ಪಿದ ಮಾತೂ ಹಳೆಯದು. ಹೊಸದಾಗಿ ಕುಂದಿರುವುದು ದಾರಿಯಲ್ಲಿ ಕಂಡವರ ಧೈರ್ಯವೊಂದೇ. ತರಗತಿಯಲ್ಲಿ ಅಗಂ ಪದ್ಯವನ್ನು ಬೋಧಿಸುವವರು ನಾಯಕ ನಾಯಿಕೆಯರ ಲಕ್ಷಣಗಳಲ್ಲಿಯೇ ನಿಲ್ಲದೆ, ಆ ಕಂಡವರ ಮಾತನ್ನೂ ವಿವರಿಸುವುದು ಯುಕ್ತವಾಗಿದೆ.