ಲಿಂಕ್‌ನಲ್ಲಿರುವುದು ನಿಜವಾದ ‘ಜಿ’ ಅಕ್ಷರವೇ?

ಲಿಂಕ್‌ನಲ್ಲಿ ಗೂಗಲ್ ಹೆಸರು ಕಂಡರೆ ಅದು ಗೂಗಲ್‌ನದ್ದೇ ಎಂದು ನಂಬಬಹುದೇ? ನಂಬಲಾಗದು. 2016ರಲ್ಲಿ ಗೂಗಲ್‌ಗೆ ಸಂಬಂಧವೇ ಇಲ್ಲದ ಒಂದು ವೆಬ್ ವಿಳಾಸ ಅದೇ ಹೆಸರಿನಂತೆ ಕಾಣಿಸಿಕೊಂಡಿತ್ತು. ಅದರ ಮೊದಲ ಅಕ್ಷರ ಇಂಗ್ಲಿಷಿನ ‘ಜಿ’ ಆಗಿರಲಿಲ್ಲ; ಭಾಷಾವಿಜ್ಞಾನಿಗಳು ಉಚ್ಚಾರಣೆ ಗುರುತಿಸಲು ಬಳಸುವ ಅಪರೂಪದ ಲ್ಯಾಟಿನ್ ಅಕ್ಷರ.

ನೋಡಲು ಅದು ಕುಳ್ಳಗಿನ ಕ್ಯಾಪಿಟಲ್ ‘ಜಿ’. ನಮ್ಮ ‘ಗ’ಕ್ಕಿಂತ ಇನ್ನೂ ಹಿಂದೆ, ನಾಲಿಗೆಯ ಹಿಂಭಾಗ ಕಿರುನಾಲಿಗೆಗೆ ತಾಗಿ ಹೊರಡುವ ಧ್ವನಿಗೆ ಅದನ್ನು ಬರೆಯುತ್ತಾರೆ.

ಕಣ್ಣಿಗೆ ಎರಡೂ ಒಂದೇ ಥರ. ಆದರೆ ಯೂನಿಕೋಡ್‌ನಲ್ಲಿ ಕ್ಯಾಪಿಟಲ್ ‘ಜಿ’ಯ ಸಂಖ್ಯೆ 71, ಇದರದ್ದು 610. ಹಾಗಾಗಿ ಕಂಪ್ಯೂಟರ್‌ಗೆ ಅವು ಬೇರೆ ಬೇರೆ ವಿಳಾಸಗಳು.

ಬ್ಯಾಂಕ್ ಅಥವಾ ಬಹುಮಾನದ ಲಿಂಕ್ ಫಾರ್ವರ್ಡ್ ಆಗಿ ಬಂದರೆ ಒತ್ತಬೇಡಿ, ಹಂಚಲೂಬೇಡಿ. ನಿಮಗೆ ಗೊತ್ತಿರುವ ವಿಳಾಸವನ್ನು ನೀವೇ ಟೈಪ್ ಮಾಡಿ. ಮೊಬೈಲಿನ ಮಾಮೂಲಿ ಇಂಗ್ಲಿಷ್ ಕೀಬೋರ್ಡ್‌ನಲ್ಲಿ ಆ ಅಕ್ಷರ ಇರುವುದಿಲ್ಲ.